ಸ್ವಲ್ಪ ನೋಡ್ಕೊಂಡಿರಿ, ಅಕ್ಕ

ರೈಲ್ವೆ ಸ್ಟೇಷನ್ನಿನ ಹೆಂಗಸರ ವಿಶ್ರಾಂತಿ ಕೊಠಡಿಯನ್ನು ನೋಡಿಕೊಳ್ಳುತ್ತಿದ್ದವಳನ್ನು ಎಲ್ಲರೂ ಬೀಗದಕ್ಕ ಎಂದೇ ಕರೆಯುತ್ತಿದ್ದರು. ಕೊಠಡಿಯ ಬೀಗದ ಕೈ, ಬಚ್ಚಲಿನ ಬೀಗದ ಕೈ, ಪೊರಕೆ ಇಡುವ ಗೂಡಿನ ಬೀಗದ ಕೈ, ಎಲ್ಲ ಒಂದೇ ಗೊಂಚಲಾಗಿ ಸದಾ ಅವಳ ಸೊಂಟದಲ್ಲಿರುತ್ತಿತ್ತು. ನಡೆದರೆ ಝಣಝಣ ಸದ್ದು. ಅವಳು ಬರುವ ಮೊದಲೇ ಅವಳ ಸದ್ದು ಬರುತ್ತಿತ್ತು.

ಕೊಠಡಿ ದೊಡ್ಡದೇನಲ್ಲ. ಗೋಡೆಗೆ ಒರಗಿಸಿದ ಉದ್ದನೆ ಬೆಂಚುಗಳು, ಕೂತವರ ತಲೆಯೆಣ್ಣೆಯಿಂದ ಬೆಂಚಿನ ಹಿಂದೆ ಗೋಡೆಯ ಮೇಲೆ ಸಾಲಾಗಿ ಮೂಡಿದ ಕಪ್ಪು ಕಲೆಗಳು, ಮೇಲೆ ತಿರುಗುತ್ತ ನರಳುವ ಫ್ಯಾನು, ಮೂಲೆಯಲ್ಲಿ ಒಂದು ಕನ್ನಡಿ. ಬಾಗಿಲ ಪಕ್ಕ ಅವಳ ಕುರ್ಚಿ. ಗುಡಿಸುವುದು, ಒರೆಸುವುದು, ಟಿಕೆಟ್ ಇಲ್ಲದವರನ್ನು ಹೊರಗೆ ಕಳಿಸುವುದು ಅವಳ ಕೆಲಸ. ಆದರೆ ಸಂಬಳಕ್ಕೆ ಸೇರದ ಇನ್ನೊಂದು ಕೆಲಸ ತಾನಾಗಿಯೇ ಅವಳ ಕೊರಳಿಗೆ ಬಿದ್ದಿತ್ತು.

"ಸ್ವಲ್ಪ ನೋಡ್ಕೊಂಡಿರಿ, ಅಕ್ಕ."

ಬೆಳಿಗ್ಗೆಯಿಂದ ಸಂಜೆವರೆಗೆ ಈ ಮಾತು ಎಷ್ಟು ಸಲ ಅವಳ ಕಿವಿಗೆ ಬೀಳುತ್ತಿತ್ತೋ. ಟೀ ಕುಡಿದು ಬರ್ತೀನಿ, ಸ್ವಲ್ಪ ಬ್ಯಾಗ್ ನೋಡ್ಕೊಂಡಿರಿ. ನೀರು ಹಿಡ್ಕೊಂಡು ಬರ್ತೀನಿ, ಮಗೂನ ನೋಡ್ಕೊಂಡಿರಿ. ಒಬ್ಬಳು ಪಂಜರದ ಗಿಳಿಯನ್ನು ಬಿಟ್ಟುಹೋಗಿದ್ದಳು. ಇನ್ನೊಬ್ಬಳು ಮುನಿಸಿಕೊಂಡ ನಾದಿನಿಯನ್ನು ಕೂರಿಸಿ, "ಇವಳು ಎದ್ದು ಹೋಗದ ಹಾಗೆ ನೋಡ್ಕೊಂಡಿರಿ" ಎಂದು ಹೇಳಿ ಹೋಗಿದ್ದಳು. ಹೇಳಿದವರು ಅವಳ ಉತ್ತರಕ್ಕೆ ಕಾಯುತ್ತಿರಲಿಲ್ಲ. ಮಾತು ಮುಗಿಯುವ ಮೊದಲೇ ಬೆನ್ನು ಕಾಣುತ್ತಿತ್ತು. ವಾಪಸ್ಸು ಬಂದಾಗ ಸಾಮಾನು ಎತ್ತಿಕೊಂಡು ಓಟ. ಕೆಲವರು ತಲೆಯಾಡಿಸುತ್ತಿದ್ದರು, ಬಹಳ ಜನ ಅದೂ ಇಲ್ಲ. ರೈಲು ಬಂದಿರುತ್ತಿತ್ತಲ್ಲ.

ಮನೆಯಲ್ಲಿ ಗಂಡ, ಸಾಮಾನು ಸಾಗಿಸುವ ವ್ಯಾನಿನ ಡ್ರೈವರು, ನಗುತ್ತಿದ್ದ. "ಊರಿಗೆ ಉಪಕಾರಿ, ಮನೆಗೆ ಮಾರಿ ಅಂತ ನಿನ್ನ ನೋಡೇ ಗಾದೆ ಮಾಡಿರಬೇಕು. ಆಗಲ್ಲ ಅನ್ನೋಕೆ ನಾಲಿಗೆ ಹೊರಳಲ್ವಾ?"

"ಹೇಳೋಷ್ಟರಲ್ಲಿ ಅವರು ಹೋಗೇ ಬಿಟ್ಟಿರ್ತಾರೆ. ಬೆನ್ನಿಗೆ ಹೇಳ್ಲಾ?" ಎಂದು ಅವಳು ಸಿಡುಕುತ್ತಿದ್ದಳು.

ಸಿಡುಕು ಅವಳಿಗೆ ಹುಟ್ಟಿನಿಂದ ಬಂದದ್ದಲ್ಲ. ಕುರ್ಚಿಯಿಂದ ಬಂದದ್ದು. ಒಂದು ಹೆಂಗಸು ಅವಳೆದುರು ಕೂತು ಗಂಡನ ಕುಡಿತದ ಕಥೆಯನ್ನು ಅಳುತ್ತ ಹೇಳಿಕೊಂಡಿದ್ದಳು, ಬೀಗದಕ್ಕ ಅವಳ ಬೆನ್ನು ಸವರಿದ್ದಳು. ತಿಂಗಳೊಪ್ಪತ್ತಿನಲ್ಲಿ ಅದೇ ಹೆಂಗಸು ಅದೇ ಬೆಂಚಿಗೆ ಬಂದು ಕೂತಾಗ ಇವಳು ಅಕ್ಕರೆಯಿಂದ, "ಈಗ ಹೇಗಿದ್ದಾರಮ್ಮಾ ನಿಮ್ಮನೆಯವರು?" ಎಂದು ಕೇಳಿದಳು. ಆಕೆ ಇವಳನ್ನು ಮೇಲಿಂದ ಕೆಳಗೆ ನೋಡಿ, "ನಿಮಗ್ಯಾಕೆ?" ಎಂದಿದ್ದಳು. ಅವತ್ತಿನಿಂದ ಬೀಗದಕ್ಕ ಯಾರನ್ನೂ ಏನೂ ಕೇಳುತ್ತಿರಲಿಲ್ಲ. ತನ್ನ ಪಾಡಿಗೆ ಹೆಣಿಗೆ ಹಿಡಿದು ಕೂರುತ್ತಿದ್ದಳು.

ಈ ಸಲ ಹೆಣೆಯುತ್ತಿದ್ದದ್ದು ಅಕ್ಕನಿಗೆ.

ಚಿಕ್ಕಂದಿನಲ್ಲೇ ತಾಯಿ ತೀರಿಕೊಂಡಿದ್ದರಿಂದ ಅವಳನ್ನು ಸಾಕಿದ್ದು ಅಕ್ಕನೇ. ತಲೆ ಬಾಚಿದ್ದು ಅಕ್ಕ, ಬೈದದ್ದು ಅಕ್ಕ, ಮದುವೆಯಲ್ಲಿ ಎಲ್ಲರಿಗಿಂತ ಜೋರಾಗಿ ಅತ್ತದ್ದೂ ಅಕ್ಕ. ಭಾವ ಸೇತುವೆ ಕಟ್ಟುವ ಕಂಪನಿಯೊಂದರಲ್ಲಿ ಮೇಸ್ತ್ರಿ. ಒಂದು ಸೇತುವೆ ಮುಗಿದರೆ ಇನ್ನೊಂದು ನದಿಗೆ ಗುಳೆ. ಹಾಗಾಗಿ ಅಕ್ಕ ತಂಗಿ ಮುಖ ನೋಡಿ ವರ್ಷಗಳೇ ಆಗಿದ್ದವು. ಫೋನಿನಲ್ಲಿ ಮಾತು ಇತ್ತು, ನಿಜ. ಆದರೆ ಅಕ್ಕನ ಫೋನು ಹಳೆಯದು, ಮುಖ ಕಾಣಿಸುವಂಥದ್ದಲ್ಲ. ಈಗ ಭಾವನಿಗೆ ಎಲ್ಲೋ ಚಳಿ ಬೆಟ್ಟಗಳ ನಡುವೆ ಕೆಲಸ ಬಿದ್ದಿತ್ತು. ಅಲ್ಲಿಗೆ ಹೋಗುವ ರೈಲು ಇದೇ ಸ್ಟೇಷನ್ನಿನಲ್ಲಿ ನಿಲ್ಲುತ್ತದೆ ಎಂದು ಅಕ್ಕ ಹೇಳಿದಾಗ ಬೀಗದಕ್ಕನಿಗೆ ಆಕಾಶ ಮೂರೇ ಗೇಣು.

"ನಿಲ್ಲೋದು ಸ್ವಲ್ಪ ಹೊತ್ತು ಕಣೇ," ಎಂದಿದ್ದಳು ಅಕ್ಕ. "ಕಡೇ ಬೋಗಿ. ನಾನು ಬಾಗಿಲಲ್ಲೇ ನಿಂತಿರ್ತೀನಿ. ನೀನು ಬಾ. ಮುಖ ತೋರಿಸು ಸಾಕು."

ಅವತ್ತಿನಿಂದ ಸಾಸಿವೆ ಹೂವಿನ ಬಣ್ಣದ ಉಲ್ಲನ್ನಿನಲ್ಲಿ, ಮುಂದೆ ಗುಂಡಿ ಹಾಕುವ ಸ್ವೆಟರು ಶುರುವಾಯಿತು. ಬಣ್ಣ ಯಾವುದೆಂದು ಫೋನಿನಲ್ಲೇ ಅಕ್ಕನಿಗೆ ಬಣ್ಣಿಸಿದ್ದೂ ಆಗಿತ್ತು. "ಅಷ್ಟು ಹಳದಿ ಹಾಕ್ಕೊಂಡ್ರೆ ನನ್ನ ವಯಸ್ಸಿಗೆ ಜನ ನಗಲ್ವೇನೇ?" ಎಂದು ಅಕ್ಕ ನಕ್ಕಿದ್ದಳು.

ಸ್ಟೇಷನ್ ಮಾಸ್ತರರ ಹತ್ತಿರ ಬೀಗದಕ್ಕ ಮೊದಲೇ ಕೇಳಿಟ್ಟುಕೊಂಡಿದ್ದಳು. ಅವರು ಕಡತದಿಂದ ತಲೆಯೆತ್ತದೆ, "ಕೊಠಡಿ ಖಾಲಿಯಿದ್ರೆ ಬೀಗ ಹಾಕ್ಕೊಂಡು ಹೋಗಿ ಬಾರಮ್ಮ. ಯಾರಾದ್ರೂ ಇದ್ರೆ ಮಾತ್ರ ಬಿಟ್ಟು ಹೋಗ್ಬೇಡ, ಆಮೇಲೆ ನನ್ನ ತಲೆ ಮೇಲೆ ಬರುತ್ತೆ" ಎಂದಿದ್ದರು.

ಆ ದಿನ ಮಧ್ಯಾಹ್ನ ಅದೃಷ್ಟ ಅವಳ ಕಡೆಗೇ ಇದ್ದ ಹಾಗಿತ್ತು. ಒಂದು ರೈಲು ಬಂದು ಕೊಠಡಿಯಲ್ಲಿದ್ದವರನ್ನೆಲ್ಲ ಗುಡಿಸಿಕೊಂಡು ಹೋಯಿತು. ಬೀಗದಕ್ಕ ಒರೆಸುವುದನ್ನು ಬೇಗ ಮುಗಿಸಿ, ಕನ್ನಡಿಯ ಮುಂದೆ ನಿಂತು ತಲೆ ಬಾಚಿಕೊಂಡಳು. ಸ್ವೆಟರನ್ನು ಮಡಿಸಿ ಚೀಲಕ್ಕಿಟ್ಟಳು. ಇನ್ನೇನು ಬೀಗ ತೆಗೆದುಕೊಳ್ಳಬೇಕು, ಬಾಗಿಲಲ್ಲಿ ಒಬ್ಬಳು ಪ್ರತ್ಯಕ್ಷಳಾದಳು. ಭುಜದ ಮೇಲೆ ಎರಡು ಬ್ಯಾಗು, ಹಣೆ ತುಂಬ ಬೆವರು, ತೋಳಿನ ಆಸರೆಯಲ್ಲಿ ಒಬ್ಬ ಮುದುಕಿ. ಮುದುಕಿಯ ಕೈಯಲ್ಲಿ ಊರುಗೋಲು.

"ಅತ್ತೆ, ಇಲ್ಲಿ ಕೂತ್ಕೊಳ್ಳಿ," ಎಂದು ಆ ಸೊಸೆ ಮುದುಕಿಯನ್ನು ಬೆಂಚಿಗೆ ಇಳಿಸಿದಳು. "ಅಕ್ಕ, ಇವರ ಮಾತ್ರೆ ಮನೇಲೇ ಮರೆತುಬಿಟ್ವಿ. ಹೊರಗೆ ಅಂಗಡೀಲಿ ತಂದುಬಿಡ್ತೀನಿ. ಸ್ವಲ್ಪ ನೋಡ್ಕೊಂಡಿರಿ."

"ಏ ನೋಡಮ್ಮಾ, ಇವತ್ತು ನಾನು..." ಎನ್ನುವಷ್ಟರಲ್ಲಿ ಅವಳ ಚಪ್ಪಲಿ ಸದ್ದು ಪ್ಲಾಟ್‌ಫಾರ್ಮಿನ ಗದ್ದಲದಲ್ಲಿ ಕರಗಿಹೋಗಿತ್ತು.

ಬೀಗದಕ್ಕ ಬಾಗಿಲಿಗೂ ಗಡಿಯಾರಕ್ಕೂ ಕಣ್ಣು ಓಡಾಡಿಸುತ್ತ ನಿಂತಳು. ಪರವಾಗಿಲ್ಲ, ಅಂಗಡಿ ಎದುರಿಗೇ ಇದೆ, ಬಂದುಬಿಡುತ್ತಾಳೆ ಎಂದು ತನಗೆ ತಾನೇ ಸಮಾಧಾನ ಹೇಳಿಕೊಂಡಳು.

"ಏನಮ್ಮಾ, ಆ ಫ್ಯಾನು ನಿಲ್ಲಿಸು. ಚಳಿ," ಎಂದಳು ಮುದುಕಿ.

ಫ್ಯಾನು ನಿಲ್ಲಿಸಿದಳು.

"ಈಗ ಸೆಕೆ. ಕಿಟಕಿ ತೆಗಿ."

ಕಿಟಕಿ ತೆಗೆದಳು.

"ಗಾಳಿ ಬರ್ತಿದೆಯಲ್ಲೇ, ಮತ್ತೆ ಚಳಿ."

"ಅಜ್ಜೀ, ನಿಮಗೆ ಚಳೀನಾ, ಸೆಕೇನಾ? ಒಂದು ತೀರ್ಮಾನ ಮಾಡಿ," ಎಂದಳು ಬೀಗದಕ್ಕ ಹಲ್ಲು ಕಚ್ಚಿ.

ಮುದುಕಿ ಅವಳನ್ನು ನೋಡಿ ಕಿಲಕಿಲ ನಕ್ಕಳು. ಬಾಯಲ್ಲಿ ಹಲ್ಲು ಅಲ್ಲೊಂದು ಇಲ್ಲೊಂದು. "ನಮ್ಮನೇಲಿ ಹೀಗೆ ತಿರುಗಿ ಕೇಳೋರೇ ಇಲ್ಲ. ಎಲ್ಲಾ 'ಹ್ಞೂಂ ಅತ್ತೆ, ಹ್ಞೂಂ ಅಮ್ಮ' ಅಂತಾರೆ. ಹೇಳಿದ್ದು ಮಾತ್ರ ಮಾಡಲ್ಲ. ನೀನು ಬೈದ್ಕೊಂಡಾದ್ರೂ ಮಾಡ್ತೀಯಲ್ಲ."

ಚೀಲದ ಬಾಯಿಯಿಂದ ಹಳದಿ ಇಣುಕುತ್ತಿತ್ತು. ಅದೇನು ಎಂದು ಮುದುಕಿ ಕೇಳಿದಳು. ಹೇಳಬಾರದೆಂದುಕೊಂಡೇ ಬೀಗದಕ್ಕ ಹೇಳಿದಳು, ಅಕ್ಕ, ರೈಲು, ಕಡೇ ಬೋಗಿ, ಎಲ್ಲ. ಯಾರಿಗೂ ಏನೂ ಹೇಳುವುದಿಲ್ಲ, ಕೇಳುವುದಿಲ್ಲ ಎಂದು ಪಣ ತೊಟ್ಟವಳ ಬಾಯಿ ಅವತ್ತು ಅದು ಹೇಗೋ ಬಿಚ್ಚಿಕೊಂಡುಬಿಟ್ಟಿತು. ಮುದುಕಿ ಕೋಲಿನ ಮೇಲೆ ಗಲ್ಲ ಊರಿ ಕೇಳಿಸಿಕೊಂಡಳು.

"ನಂಗೂ ಒಬ್ಬಳು ತಂಗಿ ಇದ್ಲು," ಎಂದಳು ಕೊನೆಗೆ. "ಜಗಳಗಂಟಿ. ಸಾಯೋ ಹಿಂದಿನ ದಿನ ಕೂಡ ನನ್ನ ಹತ್ರ ಜಗಳ ಆಡಿದ್ಲು." ಕೋಲಿನಿಂದ ಗಲ್ಲ ಎತ್ತಿ, "ಈಗ ಜಗಳಕ್ಕೂ ಯಾರೂ ಇಲ್ಲ" ಎಂದಳು.

ಅವಳ ತೋಳಿನ ಮೇಲೆ ರೋಮ ನಿಂತಿದ್ದವು. ಬೀಗದಕ್ಕ ಸ್ವೆಟರು ತೆಗೆದು ಅವಳ ಹೆಗಲಿಗೆ ಹೊದಿಸಿದಳು. "ನಿಮ್ಮ ಸೊಸೆ ಬರೋತನಕ ಅಷ್ಟೇ, ಅಜ್ಜಿ." ಮುದುಕಿ ಹೊದ್ದುಕೊಂಡು ಸುಮ್ಮನಾಗಲಿಲ್ಲ. ಒಂದೊಂದೇ ತೋಳು ತೂರಿಸಿ, ಗುಂಡಿಗಳನ್ನೂ ಹಾಕಿಕೊಂಡಳು.

ಸೊಸೆ ಬರಲಿಲ್ಲ.

ಬೀಗದಕ್ಕ ಬಾಗಿಲಿಗೆ ಹೋಗಿ ನೋಡಿದಳು, ಬಂದಳು, ಮತ್ತೆ ಹೋದಳು. ಅಕ್ಕನಿಗೆ ಫೋನು ಮಾಡಿದರೆ ವ್ಯಾಪ್ತಿ ಪ್ರದೇಶದ ಹೊರಗಿದ್ದಾರೆ ಎಂಬ ದನಿ. ಅಷ್ಟರಲ್ಲಿ ಮೈಕಿನಲ್ಲಿ ಅಕ್ಕನ ರೈಲಿನ ಹೆಸರು ಕೇಳಿತು. ಕಡೆಯ ಪ್ಲಾಟ್‌ಫಾರ್ಮಿಗೆ ಬರುತ್ತಿದೆಯಂತೆ. ಅಂದರೆ ಮೇಲುಸೇತುವೆ ಹತ್ತಿ ಇಳಿಯಬೇಕು. ಬೀಗದಕ್ಕ ಬೆಂಚಿನ ಮೇಲೆ ಕುಸಿದು ಕೂತಳು. ಕೈಗೆ ಬಂದ ತುತ್ತು ಬಾಯಿಗಿಲ್ಲ ಎಂದರೆ ಇದೇ.

"ಯಾಕೆ ಕೂತೆ? ಹೋಗು," ಎಂದಳು ಮುದುಕಿ.

"ನಿಮ್ಮನ್ನ ಒಬ್ಬರನ್ನೇ ಬಿಟ್ಟು ಹೇಗೆ ಹೋಗ್ಲಿ? ಬಿದ್ದುಗಿದ್ದೀರಾ. ನನ್ನ ಕೆಲಸಾನೇ ಹೋಗುತ್ತೆ."

"ಹಾಗಾದ್ರೆ ನಾನೂ ಬರ್ತೀನಿ. ನಡಿ."

"ನೀವಾ? ಮೆಟ್ಟಿಲು ಹತ್ತಬೇಕಜ್ಜಿ!"

"ಕಾಲಿದೆ, ಕೋಲಿದೆ. ಏಳು ಅಂದೆ!" ಎಂದು ಮುದುಕಿ ಕೋಲು ನೆಲಕ್ಕೆ ಕುಟ್ಟಿ ತಾನೇ ಮೊದಲು ಎದ್ದಳು.

ಬೀಗದಕ್ಕ ಹೆಚ್ಚು ಯೋಚಿಸಲಿಲ್ಲ. ಯೋಚಿಸಿದ್ದರೆ ಹೋಗುತ್ತಿರಲಿಲ್ಲ. ಬಾಗಿಲಿಗೆ ಬೀಗ ಜಡಿದು ಮುದುಕಿಯ ತೋಳು ಹಿಡಿದಳು. ಮೊದಲ ಮೆಟ್ಟಿಲುಗಳನ್ನು ಮುದುಕಿ ಉತ್ಸಾಹದಲ್ಲೇ ಹತ್ತಿದಳು. ನಡುವೆ ಉಸಿರು ಹಿಡಿಯಿತು. ಮೇಲಿನಿಂದ ಇಳಿಯುವವರು, ಕೆಳಗಿನಿಂದ ಹತ್ತುವವರು, ಪೆಟ್ಟಿಗೆ, ಗಂಟು, ಮೊಣಕೈ. "ದಾರಿ ಬಿಡ್ರೀ, ವಯಸ್ಸಾದವರಿದ್ದಾರೆ" ಎಂದು ಬೀಗದಕ್ಕ ಕೂಗಿದರೆ ಯಾರಿಗೆ ಕೇಳುತ್ತೆ? ಎಲ್ಲರ ರೈಲೂ ಆಗಲೇ ಹೊರಡುತ್ತಿತ್ತು. ಬ್ಯಾಗು ಹೊತ್ತ ಅಪರಿಚಿತನೊಬ್ಬ ಮಾತ್ರ ನಿಂತು, ಏನೂ ಕೇಳದೆ, ಮುದುಕಿಯ ಇನ್ನೊಂದು ತೋಳಿಗೆ ಕೈಕೊಟ್ಟು ಮೇಲಿನ ಮೆಟ್ಟಿಲ ತನಕ ತಂದುಬಿಟ್ಟ. ಇವಳು ಥ್ಯಾಂಕ್ಸ್ ಎನ್ನಲು ತಿರುಗುವಷ್ಟರಲ್ಲಿ ಅವನ ಬೆನ್ನು ಕಾಣುತ್ತಿತ್ತು.

ಸೇತುವೆಯ ಮೇಲಿಂದ ರೈಲು ಕಂಡಿತು. ಬಂದು ನಿಂತೇ ಇತ್ತು. "ಬೇಗ ಅಜ್ಜಿ, ಬೇಗ" ಎಂದರೆ ಮುದುಕಿ, "ಬೇಗಾನೇ ಬರ್ತಿದ್ದೀನಿ, ನಿನಗೆ ಕಾಣ್ತಿಲ್ಲ ಅಷ್ಟೇ" ಎಂದಳು. ಇಳಿಯುವಾಗ ಅವಳದು ಪಕ್ಕಾ ಆಮೆ ನಡಿಗೆ. ಒಂದು ಕಾಲು ಇಟ್ಟು, ಅದರ ಪಕ್ಕ ಇನ್ನೊಂದು ಇಟ್ಟು, ಆಮೇಲೆ ಕೋಲು. ಬೀಗದಕ್ಕನಿಗೆ ಅವಳನ್ನು ಎತ್ತಿಕೊಂಡು ಹಾರಿಬಿಡಬೇಕು ಅನ್ನಿಸುತ್ತಿತ್ತು. ಇನ್ನೂ ಕೆಲವು ಮೆಟ್ಟಿಲು ಉಳಿದಿರುವಾಗಲೇ ಶಿಳ್ಳೆ ಕೇಳಿತು.

"ನನ್ನ ಬಿಡು, ಓಡು!" ಎಂದು ಮುದುಕಿ ಕೈ ಕೊಡವಿದಳು.

ಅವಳಿಗೆ ಕಂಬಿ ಹಿಡಿಸಿ ಬೀಗದಕ್ಕ ಓಡಿದಳು. ಅಷ್ಟು ಹೊತ್ತು ನಾಲಿಗೆ ತುದಿಯಲ್ಲಿದ್ದ 'ಕಡೇ ಬೋಗಿ' ಆ ಗಡಿಬಿಡಿಯಲ್ಲಿ ಎತ್ತ ಹೋಯಿತೋ, ಕಾಲು ಇಂಜಿನ್ನಿನ ಕಡೆಗೆ ಓಡಿತು. ರೈಲು ಅಲುಗಿತು, ಹೊರಟಿತು. ಕಿಟಕಿ ಕಿಟಕಿಯಲ್ಲೂ ಮುಖಗಳು, ಒಂದೂ ಅಕ್ಕನದಲ್ಲ. "ಅಕ್ಕಾ! ಅಕ್ಕಾ!" ಎಂದು ಕೂಗಿದರೆ ಯಾರು ಯಾರೋ ಹೆಂಗಸರು ತಿರುಗಿ ನೋಡಿದರು. ಸೊಂಟದ ಬೀಗದ ಕೈಗಳು ಝಣಝಣ ಬಡಿದವು. ಉಸಿರು ಹೋಗಿ, ಪಕ್ಕೆ ಹಿಡಿದು, ಮೊಣಕಾಲ ಮೇಲೆ ಕೈಯೂರಿ ಬಗ್ಗಿ ನಿಂತಳು. ತಲೆಯೆತ್ತುವ ಹೊತ್ತಿಗೆ ರೈಲಿನ ಹಿಂಭಾಗ ದೂರವಾಗುತ್ತಿತ್ತು.

ಅಳು ಬರಲಿಲ್ಲ. ಸಿಟ್ಟು ಬಂತು. ಯಾರ ಮೇಲೆಂದು ತಿಳಿಯದ ಸಿಟ್ಟು. ಮೆಟ್ಟಿಲ ಹತ್ತಿರ ವಾಪಸ್ಸು ಬಂದಾಗ ಮುದುಕಿ ಕೆಳಗಿಳಿದು, ಕೆಂಪು ಮುಖ ಮಾಡಿಕೊಂಡು ಏದುಸಿರು ಬಿಡುತ್ತಿದ್ದಳು. "ಸಿಕ್ಕಿದ್ಲಾ?" ಎಂದಳು. ಬೀಗದಕ್ಕ ಅವಳ ತೋಳು ಹಿಡಿದು ಮೆಟ್ಟಿಲ ಕಡೆ ತಿರುಗಿಸಿದಳು. ಮುದುಕಿ ಏನೋ ಹೇಳಲು ಬಾಯಿ ತೆಗೆದಳು, ಕೆಮ್ಮು ಬಂತು. ಇವಳು ಕೇಳುವ ಸ್ಥಿತಿಯಲ್ಲೂ ಇರಲಿಲ್ಲ. ಇಬ್ಬರೂ ಮತ್ತೆ ಆ ಮೆಟ್ಟಿಲುಗಳನ್ನೆಲ್ಲ ಹತ್ತಿ ಇಳಿದರು.

ಕೊಠಡಿಯ ಮುಂದೆ ಜನ ಸೇರಿದ್ದರು. ಬೀಗ ಹಾಕಿದ ಬಾಗಿಲನ್ನು ಸೊಸೆ ಎರಡೂ ಕೈಯಲ್ಲಿ ಬಡಿಯುತ್ತಿದ್ದಳು. ಪಕ್ಕದಲ್ಲಿ ಸ್ಟೇಷನ್ ಮಾಸ್ತರರು, ಒಬ್ಬ ಪೊಲೀಸ್. ಇವರನ್ನು ಕಂಡಿದ್ದೇ ಸೊಸೆ ಹಾರಿ ಬಂದಳು.

"ಎಲ್ಲಿ ಕರ್ಕೊಂಡು ಹೋಗಿದ್ರಿ ನಮ್ಮ ಅತ್ತೇನ? ನನ್ನ ಜೀವಾನೇ ಬಾಯಿಗೆ ಬಂದಿತ್ತು! ನಂಬಿ ಬಿಟ್ಟುಹೋದ್ರೆ ಹೀಗಾ?"

"ನಂಬು ಅಂತ ನಾನು ಹೇಳಿದ್ನಾ?" ಬೀಗದಕ್ಕನ ದನಿ ಅವಳಿಗೇ ಗುರುತು ಸಿಗಲಿಲ್ಲ. "ಆಗುತ್ತಾ ಅಂತ ಒಂದು ಮಾತು ಕೇಳಿದ್ಯಾ? ಎದುರಂಗಡಿಗೆ ಹೋಗಿಬರೋಕೆ ಇಷ್ಟು ಹೊತ್ತಾ?"

"ಅಲ್ಲಿ ಆ ಮಾತ್ರೆ ಇರಲಿಲ್ಲ. ಪೇಟೆ ತನಕ ಓಡಿದೆ. ನಾನೇನು ಸಿನಿಮಾ ನೋಡೋಕೆ ಹೋಗಿದ್ನಾ?" ಸೊಸೆಯ ಕಣ್ಣಲ್ಲಿ ನೀರು. ಅವಳ ಕೈಯಲ್ಲಿ ಮಾತ್ರೆಯ ಪೊಟ್ಟಣ ಮುದ್ದೆಯಾಗಿತ್ತು. ಸುಳ್ಳು ಹೇಳುವ ಮುಖವಲ್ಲ ಅದು. ಅದನ್ನು ಕಂಡು ಬೀಗದಕ್ಕನ ಸಿಟ್ಟಿಗೆ ನಿಲ್ಲಲೂ ಜಾಗ ಇಲ್ಲದಂತಾಯಿತು.

ಮಾಸ್ತರರು ಮುದುಕಿಯ ಕಡೆ ತಿರುಗಿದರು. "ಏನಜ್ಜಿ, ನೀವೇ ಹೋಗೋಣ ಅಂದ್ರಾ, ಇವರೇ ಕರ್ಕೊಂಡು ಹೋದ್ರಾ?"

ಮುದುಕಿ ಮಾಸ್ತರರನ್ನು ನೋಡಿದಳು, ಪೊಲೀಸನನ್ನು ನೋಡಿದಳು, ಕೊನೆಗೆ ಸೊಸೆಯನ್ನು ನೋಡಿದಳು. ಕೋಲು ಕುಟ್ಟಿ ಎದ್ದ ಹೆಂಗಸು ಅಲ್ಲಿರಲಿಲ್ಲ. ಭುಜ ಕುಗ್ಗಿತು, ದನಿ ಸಣ್ಣದಾಯಿತು.

"ನನಗೇನು ಗೊತ್ತಾಗುತ್ತಪ್ಪಾ. ಕರ್ಕೊಂಡು ಹೋದ್ರು, ಹೋದೆ."

ಬೀಗದಕ್ಕ ಅವಳ ಮುಖವನ್ನೇ ನೋಡಿದಳು. ಮುದುಕಿ ಇತ್ತ ನೋಡಲಿಲ್ಲ. ಅಷ್ಟರಲ್ಲಿ ಅವರ ರೈಲಿನ ಹೆಸರು ಮೈಕಿನಲ್ಲಿ ಬಂತು. ಸೊಸೆ, "ಅಯ್ಯೋ, ನಡೀರಿ ಅತ್ತೆ" ಎಂದು ನೆಲದಲ್ಲಿಟ್ಟಿದ್ದ ಬ್ಯಾಗುಗಳನ್ನು ಹೆಗಲಿಗೇರಿಸಿ ತೋಳು ಹಿಡಿದಳು. ಜನ ಚದುರಿದರು. ಗುಂಪಿನ ನಡುವೆ ಆ ಹಳದಿ ಬೆನ್ನು ಸ್ವಲ್ಪ ದೂರ ಕಂಡು ಮರೆಯಾದ ಮೇಲೇ ಬೀಗದಕ್ಕನಿಗೆ ಹೊಳೆದದ್ದು, ಸ್ವೆಟರೂ ಹೋಯಿತು ಎಂದು.

ಮಾಸ್ತರರು ಒಳಗೆ ಕರೆದು ಉಗಿದರು. ಎಚ್ಚರಿಕೆ ಕೊಟ್ಟು ಬಿಟ್ಟರು, ಕೆಲಸ ಉಳಿಯಿತು. ಮನೆಯಲ್ಲಿ ಗಂಡ ಎಲ್ಲ ಕೇಳಿ ನಗಲಿಲ್ಲ. ಅದಕ್ಕಾದರೂ ಅವನನ್ನು ಮೆಚ್ಚಬೇಕು. "ಹೋಗ್ಲಿ ಬಿಡು, ಇನ್ನೊಂದು ಹೆಣಿ, ಪಾರ್ಸಲ್ ಮಾಡೋಣ" ಎಂದ.

"ಸ್ವೆಟರ್ ವಿಷಯ ಅಲ್ಲರೀ," ಎಂದಳು. "ನಡಿ ಅಂದಿದ್ದೇ ಅವಳು. ಒಂದು ಮಾತು, 'ನಾನೇ ನಡಿ ಅಂದೆ' ಅನ್ನೋ ಒಂದೇ ಮಾತು. ಅದಕ್ಕೇನು ಖರ್ಚಾಗ್ತಿತ್ತು?"

"ಅವಳು ಬಾಳ್ವೆ ಮಾಡ್ಬೇಕಾಗಿರೋದು ಸೊಸೆ ಜೊತೆ, ನಿನ್ನ ಜೊತೆ ಅಲ್ಲ," ಎಂದ ಗಂಡ. ಅದು ಸರಿ ಎಂದು ಗೊತ್ತಿದ್ದದ್ದೇ ಅವಳ ಹೊಟ್ಟೆ ಇನ್ನಷ್ಟು ಉರಿಸಿತು.

ಅಕ್ಕನ ಫೋನು ಬಂದದ್ದು ಅವರು ಹೊಸ ಊರು ಸೇರಿದ ಮೇಲೆ. ಬೀಗದಕ್ಕ ಕ್ಷಮೆ ಕೇಳಲು ಹೊರಟರೆ ಅಕ್ಕ ತಡೆದಳು.

"ನಾನು ನಿನ್ನ ನೋಡಿದೆ ಕಣೇ."

"ನೋಡಿದ್ಯಾ? ಎಲ್ಲಿ?"

"ಮಂಡಿ ಮೇಲೆ ಕೈಯಿಟ್ಕೊಂಡು ಬಗ್ಗಿ ನಿಂತಿದ್ದೆಯಲ್ಲ. ಬಾಗಿಲಿಂದ ಕೂಗ್ದೆ, ನಿನಗೆ ಕೇಳಲಿಲ್ಲ. ಮುಖ ಕಾಣಲೇ ಇಲ್ಲ. ನೆತ್ತಿ ಅಷ್ಟೇ ಕಾಣ್ತು." ಅಕ್ಕನ ದನಿ ಒಡೆಯಿತು. "ಎಷ್ಟು ಬೆಳ್ಳಗಾಗಿದೆಯೇ ನಿನ್ನ ತಲೆ. ಹೇಳಲೇ ಇಲ್ಲ ನೀನು."

ಬೀಗದಕ್ಕ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು.

"ನಾನು ಆಚೆ ಪಕ್ಕದ ಬಾಗಿಲಲ್ಲಿ ನಿಂತು ನಿನ್ನನ್ನ ಹುಡುಕ್ತಿದ್ದೆ," ಅಕ್ಕ ಮುಂದುವರಿಸಿದಳು. "ನಿಮ್ಮ ಕೊಠಡಿ ಆ ಕಡೆ ಇದೆಯಲ್ಲ, ಅಲ್ಲಿಂದ್ಲೇ ಬರ್ತೀಯ ಅಂದ್ಕೊಂಡಿದ್ದೆ. ಆ ಮುದುಕಿ ಕಿರುಚಿದ್ದಕ್ಕೆ ಈ ಕಡೆ ಬಂದೆ."

"ಯಾವ ಮುದುಕಿ?"

"ಮೆಟ್ಟಿಲ ಹತ್ರ ಒಬ್ಬಳಿದ್ಲಲ್ಲ, ಹಳದಿ ಸ್ವೆಟರ್‌ನವಳು. ಕೋಲನ್ನ ಮೇಲೆತ್ತಿ ಒಂದೊಂದು ಬೋಗಿಗೂ ಕಿರುಚ್ತಿದ್ಲು. 'ನಿನ್ನ ತಂಗಿ ಅಲ್ಲಿದ್ದಾಳೆ, ಮುಂದಕ್ಕೆ ನೋಡೇ' ಅಂತ. ಬಿದ್ದೇ ಹೋಗ್ತಾಳೆ ಅನ್ನಿಸ್ತು ನನಗೆ. ಅವಳು ಹಾಗೆ ಅರಚದೇ ಇದ್ದಿದ್ರೆ ನಿನ್ನ ನೆತ್ತೀನೂ ಕಾಣ್ತಿರಲಿಲ್ಲ. ಯಾರೇ ಅವಳು? ನಿಮ್ಮ ಕಡೆ ನೆಂಟರಾ?"

ಬೀಗದಕ್ಕನಿಗೆ ಮೆಚ್ಚಿಕೊಳ್ಳಲು ಹೋದರೆ ಮಾಸ್ತರರ ಮುಂದಿನ ಆ ಸಣ್ಣ ದನಿ ನೆನಪಾಗುತ್ತಿತ್ತು. ಬೈಯೋಣವೆಂದರೆ ಎತ್ತಿದ ಕೋಲು ಕಣ್ಣಿಗೆ ಕಟ್ಟುತ್ತಿತ್ತು. ಎದುರು ಕೂರಿಸಿಕೊಂಡು, ಇದನ್ನೇ ಅಲ್ಲಿ ಹೇಳಬಾರದಿತ್ತಾ ಅಜ್ಜಿ ಎಂದು ಒಮ್ಮೆ ಜಗಳ ತೆಗೆಯಬೇಕೆಂದರೆ, ಅವಳು ಯಾವ ಊರಿನವಳೋ, ಯಾವ ಮನೆಯವಳೋ.

"ಯಾರೋ ಗೊತ್ತಿಲ್ಲ, ಅಕ್ಕ," ಎಂದಳು ಕೊನೆಗೆ. "ಕೇಳಲಿಲ್ಲ ನಾನು."